ಪಾರಿವಾಳದ ಕಾಲು

ನಮ್ಮ ಮನೆ ಬಾಲ್ಕನಿಗೆ ಪಾರಿವಾಳದ ಬಲೆ ಹಾಕಿಸೋಣ ಅಂತ ನಾನು, ಬೇಡ ಅಂತ ಅಪ್ಪ. ಈ ಜಗಳಕ್ಕೆ ಎರಡು ವರ್ಷ ಆಯಿತು. ಬಿಲ್ಡಿಂಗಿನಲ್ಲಿ ಬಲೆ ಇಲ್ಲದ ಬಾಲ್ಕನಿ ನಮ್ಮದೊಂದೇ. ಹಾಗಾಗಿ ಶ್ರೀನಿವಾಸನಗರದ ಪಾರಿವಾಳಗಳೆಲ್ಲ ನಮ್ಮಲ್ಲೇ ಸಂಸಾರ ಹೂಡಿವೆ. ವಾಷಿಂಗ್ ಮೆಷಿನ್ ಹಿಂದೆ ಮೊಟ್ಟೆ, ಒಣಗಲು ಹಾಕಿದ ಬಟ್ಟೆ ಮೇಲೆ ಹಿಕ್ಕೆ, ಬೆಳಿಗ್ಗೆ ಐದೂವರೆಗೇ ಗುಟುರು. ಅಪ್ಪನಿಗೆ ಇದ್ಯಾವುದೂ ತೊಂದರೆಯೇ ಅಲ್ಲ. ಕಾಫಿ ಲೋಟ ಹಿಡಿದು, ಪ್ಲಾಸ್ಟಿಕ್ ಕುರ್ಚಿ ಎಳೆದುಕೊಂಡು ಅವುಗಳ ಎದುರು ಕೂತರೆ, ಎಂಟು ಗಂಟೆಯಾದರೂ ಏಳುವುದಿಲ್ಲ.

ಅಪ್ಪ ಹೈಸ್ಕೂಲಿನಲ್ಲಿ ಡ್ರಾಯಿಂಗ್ ಮೇಷ್ಟ್ರಾಗಿದ್ದವರು. ಚಾಮರಾಜಪೇಟೆ ಕಡೆಯ ಒಂದು ಸ್ಕೂಲು, ಹೆಸರು ಬೇಡ. ಡ್ರಾಯಿಂಗ್ ಪೀರಿಯಡ್ ಅಂದರೆ ಏನು ಅಂತ ನಿಮಗೂ ಗೊತ್ತಲ್ವಾ? ಮ್ಯಾಥ್ಸ್ ಮೇಷ್ಟ್ರಿಗೆ ಪೋರ್ಷನ್ ಮುಗಿಯದಿದ್ದರೆ ಎತ್ತಿಕೊಳ್ಳುವ ಪೀರಿಯಡ್ಡು. ಮಿಕ್ಕ ಹೊತ್ತಿನಲ್ಲಿ ಅಪ್ಪ ಸೈನ್ಸ್ ಮೇಡಂಗೆ ಹೃದಯದ ಚಾರ್ಟ್ ಬರೆದುಕೊಡುತ್ತಿದ್ದರು, ಸ್ಕೂಲ್ ಡೇ ನಾಟಕಕ್ಕೆ ಕಾಡಿನ ಪರದೆ ಬರೆಯುತ್ತಿದ್ದರು, ಪರೀಕ್ಷೆ ಬಂದರೆ ಬೆಂಚುಗಳಿಗೆ ನಂಬರ್ ಬರೆಯುತ್ತಿದ್ದರು. ಅವರ ಮಗಳಾದ ನಾನು ಲೋವರ್ ಗ್ರೇಡ್ ಡ್ರಾಯಿಂಗ್ ಪರೀಕ್ಷೆಯಲ್ಲಿ ಫೇಲು. ಒಂದು ಬಕೆಟ್ಟು, ಪಕ್ಕದಲ್ಲಿ ಒಂದು ಬದನೆಕಾಯಿ ಇಟ್ಟು ಬರೆಯಿರಿ ಅಂದಿದ್ದರು. ನನ್ನ ಬಕೆಟ್ಟು ಬದನೆಕಾಯಿಗಿಂತ ಚಿಕ್ಕದಾಗಿತ್ತು.

ಹೋದ ಸೆಪ್ಟೆಂಬರಿನಲ್ಲಿ ಆಫೀಸ್ ಕೆಲಸದ ಮೇಲೆ ಮ್ಯಾಡ್ರಿಡ್‌ಗೆ ಹೋಗಿದ್ದೆ. ಕೊನೆಗೆ ಎರಡು ದಿನ ಬಿಡುವು ಸಿಕ್ಕಿತು. ಫೋನಿನಲ್ಲಿ ಅಪ್ಪ ಕೇಳಿದ್ದು ಒಂದೇ ಪ್ರಶ್ನೆ, "ಅಲ್ಲಿಂದ ಮಾಲಗ ಎಷ್ಟು ದೂರ?" ಪಿಕಾಸೊ ಹುಟ್ಟಿದ ಊರು ಅಂತ ಗೊತ್ತಿತ್ತು, ಆದರೆ ಅಪ್ಪನಿಗೆ ಪಿಕಾಸೊ ಅಷ್ಟು ಇಷ್ಟ ಅಂತ ನನಗೆ ಯಾವತ್ತೂ ಅನಿಸಿರಲಿಲ್ಲ. ಕೇಳಿದೆ. "ಇಷ್ಟ ಗಿಷ್ಟ ಅಲ್ಲ ಕಣೇ. ಅವನಪ್ಪನೂ ಡ್ರಾಯಿಂಗ್ ಮೇಷ್ಟ್ರು. ಆ ಮನುಷ್ಯ ಏನು ಬರೀತಿದ್ದ ಅಂತ ನೋಡ್ಕೊಂಡು ಬಾ" ಅಂದರು. ಮ್ಯಾಡ್ರಿಡ್‌ನಿಂದ ಫಾಸ್ಟ್ ಟ್ರೇನಿನಲ್ಲಿ ಮೂರು ಗಂಟೆಯೊಳಗಿನ ದಾರಿ. ಹೊರಟೆ.

ನಾನು ಸೇರಿಕೊಂಡಿದ್ದು ಪಿಕಾಸೊ ಬಾಲ್ಯದ ಬೀದಿಗಳನ್ನು ನಡೆದು ತೋರಿಸುವ ಒಂದು ವಾಕ್. ಸಂಜೆ ಐದಕ್ಕೆ ಶುರು. ಅಲ್ಲಿಯ ಬಿಸಿಲಿಗೆ ಅದಕ್ಕೆ ಮುಂಚೆ ಯಾರೂ ಹೊರಗೆ ಬರುವುದಿಲ್ಲ, ಅಂಗಡಿಗಳೂ ಎಷ್ಟೋ ಬಾಗಿಲು ಹಾಕಿರುತ್ತವೆ. ಅದಕ್ಕೆ ಮುಂಚೆ ಒಂದು ಹೋಟೆಲಿನಲ್ಲಿ ವೆಜಿಟೇರಿಯನ್ ಸ್ಯಾಂಡ್‌ವಿಚ್ ಅಂತ ಮೂರು ಸಲ ಹೇಳಿದ ಮೇಲೂ ಒಳಗೆ ಮೀನು ಇಟ್ಟು ಕೊಟ್ಟರು. ಮೀನು ತರಕಾರಿ ಅಲ್ಲ ಅಂತ ವಾದ ಮಾಡುವಷ್ಟು ಸ್ಪ್ಯಾನಿಷ್ ನನಗೆ ಬರುತ್ತಿರಲಿಲ್ಲ. ಬಾಳೆಹಣ್ಣು ತಿಂದು ಹೋದೆ.

ಜಾಗ, ಪ್ಲಾಸಾ ದೆ ಲಾ ಮೆರ್ಸೆದ್ ಅನ್ನುವ ಚೌಕ. ನಡುವೆ ಒಂದು ಎತ್ತರದ ಕಲ್ಲಿನ ಕಂಬ. ರಾಜನ ವಿರುದ್ಧ ಎದ್ದು 1831ರಲ್ಲಿ ಸಂಗಡಿಗರ ಜೊತೆ ಗುಂಡೇಟು ತಿಂದು ಸತ್ತ ತೊರ್ರಿಹೊಸ್ ಅನ್ನುವ ಜನರಲ್‌ನ ಸ್ಮಾರಕ ಅದು. ಸುತ್ತ ಮರ, ಬೆಂಚು, ಮಕ್ಕಳು, ಮತ್ತೆ ಲೆಕ್ಕವಿಲ್ಲದಷ್ಟು ಪಾರಿವಾಳ. ಒಂದು ಕಲ್ಲಿನ ಬೆಂಚಿನ ಮೇಲೆ ಕಂಚಿನ ಪಿಕಾಸೊ ಕೂತಿದ್ದಾನೆ, ಕೈಯಲ್ಲಿ ಸ್ಕೆಚ್ ಪುಸ್ತಕ. ಪಕ್ಕದಲ್ಲಿ ಕೂತು ಫೋಟೊ ತೆಗೆಸಿಕೊಳ್ಳಲು ಕ್ಯೂ. ನಮ್ಮ ಗೈಡ್ ಐವತ್ತರ ಆಸುಪಾಸಿನ ಹೆಂಗಸು. ಆಕೆ ಆ ಕಡೆ ತಿರುಗಿಯೂ ನೋಡಲಿಲ್ಲ. "ಇದು ಮುದುಕ. ನಮಗೆ ಬೇಕಾಗಿರೋದು ಹತ್ತು ವರ್ಷದೊಳಗಿನ ಹುಡುಗ" ಅಂದು ನಮ್ಮನ್ನು ಚೌಕದ ಮೂಲೆಗೆ ಕರೆದುಕೊಂಡು ಹೋದರು. ಅಲ್ಲೇ ನನಗೆ ಆಕೆ ಇಷ್ಟವಾದರು.

ಮೂಲೆಯ ಆ ಕಟ್ಟಡದಲ್ಲೇ ಪಿಕಾಸೊ ಹುಟ್ಟಿದ್ದು, 1881ರ ಅಕ್ಟೋಬರ್ 25ರಂದು. ಈಗ ಅದು ಮ್ಯೂಸಿಯಂ. ಮಗು ಹುಟ್ಟಿದಾಗ ಉಸಿರಿರಲಿಲ್ಲವಂತೆ, ಸೂಲಗಿತ್ತಿ ಸತ್ತಿದೆ ಅಂತ ಪಕ್ಕಕ್ಕೆ ಇಟ್ಟಳಂತೆ, ಡಾಕ್ಟರಾಗಿದ್ದ ಚಿಕ್ಕಪ್ಪ ಸಾಲ್ವದೋರ್ ಸೇದುತ್ತಿದ್ದ ಚುಟ್ಟಾದ ಹೊಗೆಯನ್ನು ಮಗುವಿನ ಮುಖಕ್ಕೆ ಊದಿದನಂತೆ, ಮಗು ಮುಖ ಸಿಂಡರಿಸಿ ಅತ್ತಿತಂತೆ. ಪಿಕಾಸೊನೇ ಹೇಳಿಕೊಳ್ಳುತ್ತಿದ್ದ ಕಥೆ ಇದು. ನನ್ನ ಅಜ್ಜಿಯೂ ನಾನು ಹುಟ್ಟಿದ ದಿನದ ಬಗ್ಗೆ ಇಂಥದ್ದೇ ಏನೋ ಹೇಳುತ್ತಿದ್ದರು, ಅದಕ್ಕೇ ಸುಮ್ನೆ ನಂಬಿಬಿಟ್ಟೆ.

ಒಳಗೆ ಕೂಸಿನ ನಾಮಕರಣದ ಅಂಗಿ ಇದೆ. ನಾಮಕರಣ ಅಂದರೆ ಚರ್ಚಿನಲ್ಲಿ ನೀರು ಹಾಕಿಸುವುದು. ಮಗುವಿನ ಎರಡರಷ್ಟು ಉದ್ದದ ಬಿಳಿ ಅಂಗಿ. ಆದರೆ ನಾನು ನಿಂತುಬಿಟ್ಟಿದ್ದು ಪಿಕಾಸೊನ ಅಪ್ಪನ ಕೆಲಸದ ಕೋಣೆ ಹೇಗಿದ್ದಿರಬಹುದು ಅಂತ ಜೋಡಿಸಿಟ್ಟಿದ್ದ ಕಡೆ. ಆ ಅಪ್ಪನ ಹೆಸರು ಹೊಸೆ ರುಯಿಸ್ ಬ್ಲಾಸ್ಕೊ. ಹೊಸೆ ಅಂದಾಗೆಲ್ಲ ನನಗೆ ಬತ್ತಿ ಹೊಸೆಯೋದೇ ನೆನಪಾಗುತ್ತಿತ್ತು, ಏನು ಮಾಡಲಿ. ಹುಟ್ಟಿದ್ದು 1838. ಸಾನ್ ತೆಲ್ಮೊ ಚಿತ್ರಕಲಾ ಶಾಲೆಯಲ್ಲಿ ಮೇಷ್ಟ್ರು, ಜೊತೆಗೆ ಊರಿನ ಮ್ಯೂಸಿಯಂ ನೋಡಿಕೊಳ್ಳುವ ಕೆಲಸ. ಮದುವೆಯಾಗುವ ಹೊತ್ತಿಗೆ ನಲವತ್ತು ದಾಟಿತ್ತು. ಮನೆ ತುಂಬ ಜನ. ಹೆಂಡತಿ ಮರಿಯಾ ಪಿಕಾಸೊ, ಅತ್ತೆ, ಮದುವೆಯಾಗದ ಇಬ್ಬರು ನಾದಿನಿಯರು, ಆಮೇಲೆ ಮೂರು ಮಕ್ಕಳು. ನಾದಿನಿಯರ ಮನೆಯ ದ್ರಾಕ್ಷಿ ತೋಟಕ್ಕೆ ಫೈಲೊಕ್ಸೆರಾ ಹುಳ ಬಿದ್ದು ಎಲ್ಲ ಹೋಗಿತ್ತು, ಅವರು ರೈಲ್ವೆ ನೌಕರರ ಟೋಪಿಗೆ ಜರಿ ಪಟ್ಟಿ ಹೊಲಿದು ನಾಲ್ಕು ಕಾಸು ಸೇರಿಸುತ್ತಿದ್ದರು. ಬಾಡಿಗೆಗೆ ದುಡ್ಡಿಲ್ಲದ ತಿಂಗಳು ಈತ ಮನೆ ಮಾಲೀಕನಿಗೆ ಚಿತ್ರ ಕೊಟ್ಟು ಸಮಾಧಾನ ಮಾಡುತ್ತಿದ್ದನಂತೆ.

ನಮ್ಮ ಮನೆ ಮಾಲೀಕರಿಗೂ ಅಪ್ಪ ಒಂದು ಸಲ ವೆಂಕಟರಮಣನ ಚಿತ್ರ ಬರೆದುಕೊಟ್ಟಿದ್ದರು. ಅವರು ಖುಷಿಯಿಂದ ಗೋಡೆಗೆ ಹಾಕಿಕೊಂಡು, ಮುಂದಿನ ತಿಂಗಳು ಬಾಡಿಗೆ ಜಾಸ್ತಿ ಮಾಡಿದರು.

ಹೊಸೆ ಮೇಷ್ಟ್ರು ಬರೆಯುತ್ತಿದ್ದಿದ್ದು ಹೂವು, ಊಟದ ಮನೆ ಗೋಡೆಗೆ ಹಾಕಿಕೊಳ್ಳುವಂಥ ಚಿತ್ರ, ಎಲ್ಲಕ್ಕಿಂತ ಹೆಚ್ಚಾಗಿ ಪಾರಿವಾಳ. ಮನೆಯಲ್ಲೂ ಸಾಕಿದ್ದ. ಅವನ ಒಂದು ಚಿತ್ರದ ಬಗ್ಗೆ ಪಿಕಾಸೊ ದೊಡ್ಡವನಾದ ಮೇಲೂ ಹೇಳುತ್ತಿದ್ದನಂತೆ, ಒಂದು ದೊಡ್ಡ ಗೂಡು, ಅದರ ತುಂಬ ಸಾವಿರ, ಲಕ್ಷ ಪಾರಿವಾಳ ಅಂತ. ಅವನ ಗೆಳೆಯ ಸಬಾರ್ತೇಸ್ ಆ ಚಿತ್ರ ಹುಡುಕಿ ನೋಡಿದರೆ ಅದರಲ್ಲಿದ್ದಿದ್ದು ಒಂಬತ್ತು. ಗೈಡ್ ಇದನ್ನು ಹೇಳಿದಾಗ ಗುಂಪಿನಲ್ಲಿ ಎಲ್ಲರೂ ನಕ್ಕರು, ನಾನೂ ನಕ್ಕೆ. ಆಮೇಲೆ ಅಪ್ಪನ ಕಾಡಿನ ಪರದೆ ನೆನಪಾಯಿತು. ನನ್ನ ಕಣ್ಣಿಗೆ ಇವತ್ತಿಗೂ ಆ ಕಾಡು ಬಂಡೀಪುರದಷ್ಟು ದೊಡ್ಡದು. ಲೆಕ್ಕ ಹಾಕಿದರೆ ಅದರಲ್ಲಿ ನಾಲ್ಕು ಮರ, ಒಂದು ಜಿಂಕೆ ಇತ್ತೇನೋ.

ಅಲ್ಲಿಂದ ಗ್ರನಾದಾ ಬೀದಿಯಲ್ಲಿ ನಡೆದರೆ ಸಾಂತಿಯಾಗೊ ಚರ್ಚು. 1881ರ ನವೆಂಬರ್ 10ರಂದು ಮಗುವಿಗೆ ಅಲ್ಲಿ ನೀರು ಹಾಕಿಸಿ ಹೆಸರಿಟ್ಟರು. ಹೆಸರೋ, ನಮ್ಮ ಸಹಸ್ರನಾಮದ ತಮ್ಮ. ಪಾಬ್ಲೊ, ದಿಯೆಗೊ, ಹೊಸೆ, ಫ್ರಾನ್ಸಿಸ್ಕೊ ದೆ ಪೌಲಾ ಅಂತ ಶುರುವಾಗಿ ಗೈಡ್ ಒಂದೇ ಉಸಿರಿನಲ್ಲಿ ಹೇಳಿ ಮುಗಿಸುವ ಹೊತ್ತಿಗೆ ಪಕ್ಕದ ಐಸ್‌ಕ್ರೀಮ್ ಅಂಗಡಿಯವನು ಚಪ್ಪಾಳೆ ತಟ್ಟಿದ. ಅವನಿಗೆ ದಿನಾ ಇದೇ ಮನರಂಜನೆ ಇರಬೇಕು.

ಸ್ಕೂಲಿನ ಕಥೆ ನನಗೆ ಜಾಸ್ತಿ ಇಷ್ಟವಾಯಿತು. ಪಾಬ್ಲೊಗೆ ಸ್ಕೂಲು ಅಂದರೆ ಆಗದು. ಅಪ್ಪ ಬಿಟ್ಟು ಹೋದರೆ ಮತ್ತೆ ಕರೆಯಲು ಬರುವುದಿಲ್ಲವೇನೋ ಅನ್ನುವ ಭಯ. ಅದಕ್ಕೆ ಅಪ್ಪನದೇ ಏನಾದರೂ ಒಂದು ವಸ್ತು ಅಡವಿಟ್ಟುಕೊಳ್ಳುತ್ತಿದ್ದನಂತೆ. ಊರುಗೋಲು, ಇಲ್ಲ ಬ್ರಶ್ಶು, ಇಲ್ಲ ಒಂದು ಪಾರಿವಾಳ. ನನ್ನನ್ನು ಬಿಟ್ಟರೂ ಅಪ್ಪ ಪಾರಿವಾಳ ಬಿಡಲ್ಲ ಅನ್ನುವ ಲೆಕ್ಕ. ಪಾರಿವಾಳವನ್ನು ಕ್ಲಾಸಿನಲ್ಲಿ ಎದುರು ಇಟ್ಟುಕೊಂಡು ಅದನ್ನೇ ಬರೆಯುತ್ತಾ ಕೂರುತ್ತಿದ್ದನಂತೆ. ಮಾತು ಕಲಿಯುವಾಗ ಅವನ ಬಾಯಿಂದ ಬಂದ ಮೊದಲ ಶಬ್ದವೂ "ಪಿಸ್" ಅಂತೆ, ಪೆನ್ಸಿಲ್ಲಿಗೆ ಸ್ಪ್ಯಾನಿಷ್‌ನಲ್ಲಿ ಲಾಪಿಸ್ ಅನ್ನುತ್ತಾರೆ, ಅದರ ಬಾಲ. ಇದು ಅವನಮ್ಮ ಹೇಳಿದ್ದು. ಅಮ್ಮಂದಿರು ಹೇಳುವ ಮೊದಲ ಶಬ್ದದ ಕಥೆಗಳನ್ನು ನಾನು ಅರ್ಧ ಮಾತ್ರ ನಂಬುತ್ತೇನೆ.

ಮುಂದೆ ಒಂದು ರೋಮನ್ ರಂಗಮಂದಿರ ಬಂತು. ಬೆಟ್ಟದ ಬುಡದಲ್ಲಿ ಕಲ್ಲಿನ ಮೆಟ್ಟಿಲುಗಳ ಅರ್ಧಚಂದ್ರ, ಮೇಲೆ ಮೂರಿಷ್, ಅಂದರೆ ಮುಸ್ಲಿಂ ರಾಜರ ಕಾಲದ ಅಲ್ಕಾಸಾಬಾ ಕೋಟೆ. ಎಲ್ಲರೂ ಮೊಬೈಲ್ ತೆಗೆದೆವು. ಗೈಡ್ ಕೈ ಅಡ್ಡ ಹಿಡಿದರು. "ಇದನ್ನು ನೋಡಬೇಡಿ. ನಮ್ಮ ಹುಡುಗ ಇದನ್ನು ನೋಡಿಲ್ಲ." ನಿಜ, ಆ ರಂಗಮಂದಿರ ಮಣ್ಣಿನಡಿಯಿಂದ ಸಿಕ್ಕಿದ್ದು 1951ರಲ್ಲಿ. ಪಾಬ್ಲೊ ಅದರ ಮೇಲೆ ಓಡಾಡಿರಬಹುದು, ಕೆಳಗೆ ಏನಿದೆ ಅಂತ ಊರಿಗೇ ಗೊತ್ತಿರಲಿಲ್ಲ. ಹಾಗೇ ಅವನು ನೋಡಿದ್ದು ಏನೇನು ಅಂತ ಬೆರಳು ಮಡಚಿ ಎಣಿಸಿದರು. ಒಂದೇ ಗೋಪುರದ ಕಥೀಡ್ರಲ್ಲು, ಎರಡನೇದು ಕಟ್ಟಿ ಮುಗಿಸಲು ದುಡ್ಡೇ ಸಾಲಲಿಲ್ಲ, ಊರಿನವರು ಅದನ್ನು ಪ್ರೀತಿಯಿಂದ ಒಂಟಿ ಕೈಯವಳು ಅನ್ನುತ್ತಾರೆ. ಸಮುದ್ರ. 1876ರಲ್ಲಿ ಶುರುವಾದ ಗೂಳಿ ಕಾಳಗದ ಅಖಾಡ. ಅಪ್ಪ ಅಲ್ಲಿಗೂ ಕರೆದುಕೊಂಡು ಹೋಗುತ್ತಿದ್ದ. ಎಂಟು ಒಂಬತ್ತು ವರ್ಷದಲ್ಲಿ ಹುಡುಗ ಮರದ ಹಲಗೆ ಮೇಲೆ ಎಣ್ಣೆ ಬಣ್ಣದಲ್ಲಿ ಬರೆದ, ಹಳದಿ ಬಟ್ಟೆ ತೊಟ್ಟು ಕುದುರೆ ಮೇಲೆ ಕೂತ ಕಾಳಗದವನ ಚಿತ್ರ ಇವತ್ತಿಗೂ ಉಳಿದಿದೆ.

ನಡುವೆ ಕಾಫಿಗೆ ನಿಲ್ಲಿಸಿದರು. ಮಾಲಗದಲ್ಲಿ ಕಾಫಿಗೆ ಎಷ್ಟು ಹಾಲು ಅನ್ನುವುದರ ಮೇಲೆ ಬೇರೆ ಬೇರೆ ಹೆಸರು. ಅರ್ಧಕ್ಕರ್ಧ ಇದ್ದರೆ ಮಿತಾದ್, ಹಾಲು ಜಾಸ್ತಿ ಇದ್ದರೆ ಸೊಂಬ್ರ, ಅಂದರೆ ನೆರಳು. ಹಾಲಿಗೆ ಕಾಫಿ ತೋರಿಸಿದ ಹಾಗಿದ್ದರೆ ನುಬೆ, ಮೋಡ. ನಾವು ಗಾಂಧಿ ಬಜಾರಿನಲ್ಲಿ ಸ್ಟ್ರಾಂಗು, ಲೈಟು ಅಂತ ಎರಡೇ ಮಾತಿನಲ್ಲಿ ಮುಗಿಸುವ ವಿಷಯಕ್ಕೆ ಇವರು ಪದ್ಯ ಬರೆದಿದ್ದಾರೆ. ಬೈ ಟೂ ಮಾತ್ರ ಗೊತ್ತಿಲ್ಲ. ಪಕ್ಕದ ಹುಡುಗಿಯ ಜೊತೆ ಹಂಚಿಕೊಳ್ಳಲು ಇನ್ನೊಂದು ಲೋಟ ಕೇಳಿದ್ದಕ್ಕೆ ವೇಟರ್ ನನ್ನನ್ನು ಪಾಪ ಅನ್ನುವ ಹಾಗೆ ನೋಡಿದ.

ಆ ಹೊತ್ತಿಗೇ ಬಂದಿದ್ದು ಹೂವಿನವನು. ಬಿಳಿ ಅಂಗಿ, ಸೊಂಟಕ್ಕೆ ಕೆಂಪು ವಸ್ತ್ರ, ಕೈಯಲ್ಲಿ ಪಾಪಾಸುಕಳ್ಳಿಯ ದಪ್ಪ ಎಲೆ, ಅದಕ್ಕೆ ಚುಚ್ಚಿದ ಬಿಳಿ ಹೂವಿನ ಚೆಂಡುಗಳು. ಹತ್ತಿರ ಬಂದಾಗ ವಾಸನೆ ಹೊಡೆಯಿತು. ಮಲ್ಲಿಗೆ! ಈ ಚೆಂಡಿಗೆ ಬಿಸ್ನಾಗ ಅನ್ನುತ್ತಾರೆ. ಒಂದು ಕಾಡುಗಿಡದ ಒಣಗಿದ ಹೂಕಡ್ಡಿಗೆ, ಛತ್ರಿ ಕಡ್ಡಿಗಳ ಹಾಗೆ ಹರಡಿದ್ದಕ್ಕೆ, ಒಂದೊಂದು ಕಡ್ಡಿಗೂ ಒಂದೊಂದು ಮೊಗ್ಗು ಸಿಕ್ಕಿಸುತ್ತಾರೆ. ಮಧ್ಯಾಹ್ನ ಮೊಗ್ಗು, ಸಂಜೆ ಅರಳು. ಅಲ್ಲೂ ಹೆಂಗಸರು ಮುಡಿಯುತ್ತಾರೆ. ಕೊಂಡೆ. ಮೊಳದ ಲೆಕ್ಕಕ್ಕೆ ಹೋಲಿಸಿದರೆ ಹೊಟ್ಟೆ ಉರಿಯುವ ರೇಟು, ಆದರೂ ಕೊಂಡೆ. ಸುಸ್ತಾದ ಕಾಲು, ಮೀನಿನ ಸ್ಯಾಂಡ್‌ವಿಚ್ಚು, ಅಪರಿಚಿತರ ಗುಂಪು, ಎಲ್ಲದರ ನಡುವೆ ಅಮ್ಮ ಪಕ್ಕದಲ್ಲಿ ಬಂದು ನಿಂತ ಹಾಗಾಯಿತು.

ವಾಕ್ ಮುಗಿಯುವುದು ಕೊನ್ಸ್ತಿತುಸಿಯೋನ್ ಚೌಕದಲ್ಲಿ. ಹಿಂದೆ ಸಾನ್ ತೆಲ್ಮೊ ಶಾಲೆ ಇದ್ದ ಕಟ್ಟಡ ಅಲ್ಲಿದೆ. ಹೊಸೆ ಮೇಷ್ಟ್ರ ಸ್ಕೂಲು. ಫೋಟೊಗೆ ಹೇಳಿಮಾಡಿಸಿದ್ದಲ್ಲ, ಯಾರೂ ನಿಂತು ನೋಡಲಿಲ್ಲ. ನಾನು ಮಾತ್ರ ಬಾಗಿಲ ಫೋಟೊ ತೆಗೆದೆ, ಅಪ್ಪನಿಗೆ ಅಂತ. ಮ್ಯೂಸಿಯಂ ಕೆಲಸವನ್ನು ಊರಿನವರು ರದ್ದು ಮಾಡಿದರು, ಒಂದು ಸಂಬಳದಲ್ಲಿ ಸಂಸಾರ ನಡೆಯಲಿಲ್ಲ. 1891ರಲ್ಲಿ ಈತ ಸ್ಪೇನಿನ ಆ ತುದಿಗೆ, ಮಳೆ ಬಿಡದ ಲಾ ಕೊರುನ್ಯ ಅನ್ನುವ ಊರಿಗೆ ಕೆಲಸ ಹಿಡಿದು ಮನೆಮಂದಿಯನ್ನೆಲ್ಲ ಹಡಗು ಹತ್ತಿಸಿದ. ಪಾಬ್ಲೊಗೆ ಆಗ ಹತ್ತು ತುಂಬುತ್ತಿತ್ತು. 1895ರಲ್ಲಿ ಚಿಕ್ಕ ತಂಗಿ ಕೊಂಚಿತ ಗಂಟಲಮಾರಿಯಿಂದ ಅಲ್ಲೇ ತೀರಿಕೊಂಡಳು, ಏಳು ವರ್ಷ. ಆಮೇಲೆ ಬಾರ್ಸಿಲೋನಾ. ಮಾಲಗಕ್ಕೆ ಪಾಬ್ಲೊ ರಜೆಗೆ ಬಂದಿದ್ದು ಕೆಲವು ಸಲ, ಕೊನೆಯದು 1901ರ ಶುರುವಿನಲ್ಲಿ. ಆಮೇಲೆ 1973ರಲ್ಲಿ ಸಾಯುವ ತನಕ ಈ ಊರಿಗೆ ಕಾಲಿಡಲಿಲ್ಲ. ಹತ್ತು ವರ್ಷ ಇದ್ದು ಹೋದ ಹುಡುಗನ ಹೆಸರಿನಲ್ಲಿ ಊರು 2003ರಲ್ಲಿ ಒಂದು ಅರಮನೆಯನ್ನೇ ಮ್ಯೂಸಿಯಂ ಮಾಡಿತು.

ಲಾ ಕೊರುನ್ಯದ ಕಥೆಯೊಂದನ್ನು ಗೈಡ್ ಕೊನೆಗೆ ಇಟ್ಟುಕೊಂಡಿದ್ದರು. ಮೇಷ್ಟ್ರಿಗೆ ಕಣ್ಣು ಮಂಜಾಗುತ್ತಿತ್ತು. ಸತ್ತ ಪಾರಿವಾಳದ ಕಾಲು ಕತ್ತರಿಸಿ ಹಲಗೆಗೆ ಪಿನ್ ಚುಚ್ಚಿ ಇಟ್ಟು, ಹಕ್ಕಿಯ ಮೈ ತಾನು ಬರೆದು, ಕಾಲು ಬರೆಯುವ ಕೆಲಸ ಮಗನಿಗೆ ಬಿಡುತ್ತಿದ್ದನಂತೆ. ಒಂದು ಸಂಜೆ ಬಂದು ನೋಡಿದರೆ ಕಾಲುಗಳು ಎಷ್ಟು ಚೆನ್ನಾಗಿದ್ದವು ಅಂದರೆ, ಬಣ್ಣ, ಬ್ರಶ್ಶು ಎಲ್ಲ ಹದಿಮೂರು ವರ್ಷದ ಮಗನ ಕೈಗೆ ಕೊಟ್ಟು, ಇನ್ನು ತಾನು ಬರೆಯಲ್ಲ ಅಂದುಬಿಟ್ಟನಂತೆ. ಗುಂಪಿನಲ್ಲಿ ಒಬ್ಬರು ಕಣ್ಣು ಒರೆಸಿಕೊಂಡರು. ಮಗ ಮುಂದೆ 1949ರಲ್ಲಿ ಪ್ಯಾರಿಸ್ ಶಾಂತಿ ಸಮ್ಮೇಳನದ ಪೋಸ್ಟರಿಗೆ ಕೊಟ್ಟಿದ್ದೂ ಪಾರಿವಾಳ, ಅದೇ ತಿಂಗಳು ಹುಟ್ಟಿದ ಮಗಳಿಗೆ ಇಟ್ಟ ಹೆಸರೂ ಪಲೋಮ, ಅಂದರೆ ಪಾರಿವಾಳ.

ಬೆಂಗಳೂರಿಗೆ ಬಂದ ಮಾರನೇ ದಿನ ಬಾಲ್ಕನಿಯಲ್ಲಿ ಕೂತು ಅಪ್ಪನಿಗೆ ಎಲ್ಲ ಹೇಳಿದೆ. ಒಂಬತ್ತು ಪಾರಿವಾಳಕ್ಕೆ ಜೋರಾಗಿ ನಕ್ಕರು. ಮ್ಯೂಸಿಯಂ ಕೆಲಸ ಹೋಗಿದ್ದಕ್ಕೆ ಲೊಚಗುಟ್ಟಿದರು. "ಪಿಕಾಸೊಗಿಂತ ಐದೇ ವರ್ಷ ಚಿಕ್ಕವರು ನಮ್ಮ ವೆಂಕಟಪ್ಪನವರು, 1886. ಚಿತ್ರಗಾರರ ಮನೆತನದವರು. ಮೈಸೂರಿನಲ್ಲಿ ಅವರು ಆಡಿದ ಬೀದಿ ಯಾವುದು ಅಂತ ಕಡ್ಡಿ ಹಿಡಿದು ಯಾರಾದ್ರೂ ತೋರಿಸಿದ್ರೆ ನಾನು ಮೊದಲು ಹೋಗ್ತೀನಿ" ಅಂದರು. ನಾನು ಚಿಕ್ಕವಳಿದ್ದಾಗ ಭಾನುವಾರ ಕಸ್ತೂರ್ಬಾ ರಸ್ತೆಯ ವೆಂಕಟಪ್ಪ ಚಿತ್ರಶಾಲೆಗೆ ಕರೆದುಕೊಂಡು ಹೋಗುತ್ತಿದ್ದರು. ನನ್ನ ಗಮನವೆಲ್ಲ ಆಮೇಲೆ ಕಬ್ಬನ್ ಪಾರ್ಕಿನಲ್ಲಿ ಸಿಗುವ ಕಡಲೆಕಾಯಿಯ ಮೇಲೆ.

ಬ್ರಶ್ಶು ಕೊಟ್ಟ ಕಥೆಗೆ ಮಾತ್ರ ಕೈ ಅಲ್ಲಾಡಿಸಿಬಿಟ್ಟರು. "ಸುಳ್ಳು."

"ಯಾಕಪ್ಪಾ? ಮಗ ತಾನೇ ಹೇಳಿರೋದು."

"ಮಗ ಹೇಳಿದ್ದಕ್ಕೇ ಸುಳ್ಳು. ಯಾವ ಡ್ರಾಯಿಂಗ್ ಮೇಷ್ಟ್ರೂ ಹಾಗೆ ಬ್ರಶ್ ಕೊಟ್ಟು ಕೈ ತೊಳ್ಕೊಳಲ್ಲ. ಕಾಲು ಚೆನ್ನಾಗಿದ್ರೆ ಇನ್ನೂ ನಾಲ್ಕು ಕಾಲು ಬರಿ ಅಂತಾನೆ."

ಆಮೇಲೆ ಓದಿ ನೋಡಿದೆ. ಅಪ್ಪ ಹೇಳಿದ್ದೇ ಸರಿ ಇರಬೇಕು. ಹೊಸೆ ಮೇಷ್ಟ್ರು ಅದಾದ ಮೇಲೂ ಬರೆಯುತ್ತಿದ್ದ, ಹಾಗಾಗಿ ಪಿಕಾಸೊ ಜೀವನ ಬರೆದವರೇ ಈ ಕಥೆಯನ್ನು ಪೂರ್ತಿ ನಂಬುವುದಿಲ್ಲ.

"ಆದ್ರೆ ಕಾಲಿನ ವಿಷಯ ನಿಜ ಇರುತ್ತೆ" ಅಂದರು ಅಪ್ಪ. "ಹಕ್ಕಿಯಲ್ಲಿ ಕಷ್ಟ ಅಂದ್ರೆ ಕಾಲೇ. ನನ್ನ ಹುಡುಗರೆಲ್ಲ ಏನ್ ಮಾಡ್ತಿದ್ರು ಗೊತ್ತಾ? ಹಕ್ಕಿ ಬರೆದು ಕಾಲಿನ ಹತ್ರ ಹುಲ್ಲು ಬರೆದುಬಿಡ್ತಿದ್ರು. ಮನುಷ್ಯರಿಗೂ ಅಷ್ಟೇ, ಮೊಣಕಾಲು ತನಕ ಹುಲ್ಲು. ನಮ್ಮ ಸ್ಕೂಲಿನಲ್ಲಿ ಗಾಂಧೀಜಿನೂ ಹುಲ್ಲಲ್ಲೇ ನಿಂತಿರ್ತಿದ್ರು."

ಕಂಬಿ ಮೇಲಿದ್ದ ಒಂದನ್ನು ತೋರಿಸಿದರು. ಕೆಂಪು ಕಾಲು, ಮುಂದೆ ಮೂರು ಬೆರಳು, ಹಿಂದೆ ಒಂದು. ಕಂಬಿ ಹಿಡಿದಾಗ ಹಿಂದಿನ ಬೆರಳು ಕೆಳಗಿಂದ ಸುತ್ತಿ ಬಂದು ಮುಂದಿನವಕ್ಕೆ ಎದುರಾಗುತ್ತದೆ, ನೆಲಕ್ಕೆ ಇಳಿದರೆ ಅದೇ ಬೆರಳು ಹಿಂದೆ ಚಪ್ಪಟೆಯಾಗಿ ಮಲಗುತ್ತದೆ. ಇನ್ನೊಂದಕ್ಕೆ ಎಡಗಾಲಿನಲ್ಲಿ ಎರಡೇ ಬೆರಳು. ದಾರ ಸುತ್ತಿಕೊಂಡು ರಕ್ತ ಓಡದೆ ಉದುರಿಹೋಗಿದ್ದು. ಹೋದ ಸಂಕ್ರಾಂತಿ ಹೊತ್ತಿಗೆ ಅದಕ್ಕೆ ಮೂರಿತ್ತು ಅಂದರು. ಎರಡು ವರ್ಷದಿಂದ ಈ ಮನುಷ್ಯ ಕಾಫಿ ಹಿಡಿದು ಏನು ನೋಡುತ್ತಿದ್ದರು ಅಂತ ನನಗೆ ಆವತ್ತು ಗೊತ್ತಾಯಿತು. ಬಲೆ ಯಾಕೆ ಬೇಡ ಅನ್ನುತ್ತಿದ್ದರು ಅಂತಲೂ.

ಹಾಲಿನ ಲೆಕ್ಕ ಬರೆಯುವ ಪುಸ್ತಕ ಎಳೆದುಕೊಂಡು ಹಿಂದಿನ ಪುಟದಲ್ಲಿ ಪಾರಿವಾಳ ಬರೆದರು. ಈಗ ಕೈ ಸ್ವಲ್ಪ ನಡುಗುತ್ತದೆ, ಕತ್ತಿನ ಗೆರೆ ಎರಡು ಸಲ ಬಂತು. ನಾನು ಸ್ಪೇನ್ ನೋಡಿ ಬಂದ ಧೈರ್ಯದಲ್ಲಿ ಪೆನ್ಸಿಲ್ ಕಿತ್ತುಕೊಂಡು, "ಕಾಲು ನಾನು ಬರೀತೀನಿ" ಅಂದೆ. ಬರೆದೆ. ಅಪ್ಪ ಕನ್ನಡಕ ಏರಿಸಿ ನೋಡಿದರು.

"ಹಿಂದಿನ ಬೆರಳು ಎಲ್ಲಿ?"

"ಮರೆತೆ."

"ಇದು ಪಾರಿವಾಳ ಅಲ್ಲ, ತ್ರಿಶೂಲ." ರಬ್ಬರ್ ತೆಗೆದುಕೊಂಡು ಪೂರ್ತಿ ಅಳಿಸಿ, ಪೆನ್ಸಿಲ್ ವಾಪಸ್ ಇಸಿದುಕೊಂಡು, ಎರಡೂ ಕಾಲನ್ನು ತಾವೇ ಬರೆದರು. ಹುಲ್ಲು ಹಾಕಲಿಲ್ಲ.

ಬಲೆಯವನಿಗೆ ಅಡುಗೆಮನೆ ಕಡೆಯ ಬಾಲ್ಕನಿಗೆ ಮಾತ್ರ ಹೇಳಿದ್ದೇನೆ. ಶನಿವಾರ ಬರುತ್ತಾನಂತೆ. ವಾಷಿಂಗ್ ಮೆಷಿನ್ ಆ ಕಡೆಗೆ ಸಾಗಿಸಬೇಕು, ಪ್ಲಂಬರ್ ಸಿಕ್ಕಿಲ್ಲ.